ಮೆರ್ಸೇದೆಸ್: ಕೂಲಿಯಿಂದ ಕರುಣೆಗೆ, ಕರುಣೆಯಿಂದ ಕಾರಿಗೆ

ಬೆಂಗಳೂರಿನ ಜನ ‘ಬೆಂಜ್ ಕಾರು’ ಅನ್ನುತ್ತಾರೆ; ‘ಮರ್ಸಿಡಿಸ್ ಕಾರು’ ಅನ್ನುವುದು ಕಡಿಮೆ. ‘ಅವರ ಮನೆ ಮುಂದೆ ಬೆಂಜ್ ನಿಂತಿದೆ’ ಎಂದರೆ ಸಾಕು, ಆ ಮನೆಯ ಅಂತಸ್ತು ಕೇಳಿದವರಿಗೆ ತಿಳಿದುಬಿಡುತ್ತದೆ. ಈ ರೂಢಿಗೆ ಒಂದು ಹಿನ್ನೆಲೆಯಿದೆ. 1954ರಲ್ಲಿ ಟಾಟಾದವರ ಟೆಲ್ಕೊ ಕಂಪನಿ ಜರ್ಮನಿಯ ಡೈಮ್ಲರ್-ಬೆಂಜ್ ಜೊತೆ ಕೈಜೋಡಿಸಿ ಲಾರಿ ತಯಾರಿಸತೊಡಗಿತು. ಒಪ್ಪಂದ 1969ರವರೆಗೆ ನಡೆಯಿತು. ಆ ವರ್ಷಗಳಲ್ಲಿ ನಮ್ಮ ಹೆದ್ದಾರಿಗಳಲ್ಲಿ ಓಡಿದ ಲಾರಿ, ಡ್ರೈವರುಗಳ ಬಾಯಲ್ಲಿ ‘ಟಾಟಾ ಬೆಂಜ್’ ಆಯಿತು. ಮರ್ಸಿಡಿಸ್-ಬೆಂಜ್ ಎಂಬ ಜೋಡಿ ಹೆಸರಿನಲ್ಲಿ ನಾಲಿಗೆಗೆ ಸುಲಭವಾದ ಎರಡನೆಯ ಪದ ಉಳಿಯಿತು, ಮೊದಲನೆಯದು ಉದುರಿತು. ಉಳಿದದ್ದು ಕಾರ್ಲ್ ಬೆಂಜ್ ಎಂಬ ಯಂತ್ರಜ್ಞನ ಮನೆತನದ ಹೆಸರು. ಉದುರಿದ್ದು ಒಬ್ಬ ಹುಡುಗಿಯ ಹೆಸರು.

ಆ ಹೆಸರು ಈಗ ಬೆಂಗಳೂರಿನ ಹೊರವಲಯದಲ್ಲಿ ಬೇರೊಂದು ದಾರಿಯಿಂದ ಬಂದು ನೆಲೆಸಿದೆ. 1996ರಲ್ಲಿ ಆ ಜರ್ಮನ್ ಕಂಪನಿ ಬೆಂಗಳೂರಿನಲ್ಲಿ ಸಂಶೋಧನೆ ಮತ್ತು ಅಭಿವೃದ್ಧಿ ಕೇಂದ್ರ ತೆರೆಯಿತು. ವೈಟ್‌ಫೀಲ್ಡ್ ಕಡೆ ಬೆಳೆದ ಆ ಕೇಂದ್ರ ಇಂದು ಜರ್ಮನಿಯಿಂದ ಹೊರಗೆ ಆ ಕಂಪನಿಗಿರುವ ಅತಿ ದೊಡ್ಡ ಸಂಶೋಧನಾ ನೆಲೆಗಳಲ್ಲಿ ಒಂದು. ಮೆಜೆಸ್ಟಿಕ್‌ನಿಂದ ಕಾಡುಗೋಡಿಗೆ ಹೋಗುವ 335ಇ ಬಸ್ಸಿನಲ್ಲಿ, ನೇರಳೆ ಮಾರ್ಗದ ಮೆಟ್ರೊದಲ್ಲಿ, ಎಷ್ಟೋ ಜನರ ಕೊರಳ ಗುರುತಿನ ಚೀಟಿಯ ಮೇಲೆ, ತಿಂಗಳ ಸಂಬಳ ಚೀಟಿಯ ತಲೆಯ ಮೇಲೆ ಈ ಹೆಸರಿದೆ. ಸಂಬಳ ಚೀಟಿಯ ಮೇಲೆ ಈ ಹೆಸರು ಇರುವುದು ಎಷ್ಟು ಸಹಜ ಎಂಬುದು ಅದರ ಬೇರು ಹುಡುಕಿದವರಿಗೆ ಮಾತ್ರ ಗೊತ್ತಾಗುತ್ತದೆ. ಏಕೆಂದರೆ ಹೆಣ್ಣುಮಗಳ ಹೆಸರಾಗುವ ಮೊದಲು, ಕರುಣೆ ಎಂಬ ಅರ್ಥ ಪಡೆಯುವ ಮೊದಲು, ಈ ಪದಕ್ಕಿದ್ದ ಅರ್ಥ ಕೂಲಿ, ಸಂಬಳ.

ಮೊದಲು ಉಚ್ಚಾರಣೆ. ನಾವು ‘ಮರ್ಸಿಡಿಸ್’ ಎಂದು ಬರೆಯುವುದು ಇಂಗ್ಲಿಷಿನ ಕಿವಿಯಿಂದ ಕೇಳಿ. ಸ್ಪೇನಿನ ನಡುನಾಡಿನಲ್ಲಿ ಈ ಹೆಸರಿನ ಮೂರನೆಯ ವ್ಯಂಜನ ನಾಲಿಗೆಯ ತುದಿಯನ್ನು ಹಲ್ಲಿನ ಸಂದಿಗೆ ತಂದು ಊದಿದಂತೆ ಕೇಳಿಸುತ್ತದೆ. ಲ್ಯಾಟಿನ್ ಅಮೆರಿಕದಲ್ಲಿ ಅದು ಅಚ್ಚ ಸಕಾರ. ಅವರ ನುಡಿಗೆ ಹತ್ತಿರವಾಗಿ ಕನ್ನಡದಲ್ಲಿ ‘ಮೆರ್ಸೇದೆಸ್’ ಎಂದು ಬರೆಯಬಹುದು. ಎಕಾರ ಏಕಾರಗಳನ್ನು ಬೇರೆ ಬೇರೆಯಾಗಿ ತೋರಿಸಬಲ್ಲ ನಮ್ಮ ಲಿಪಿಗೆ ಇದು ಸಲೀಸು. ರೋಮನ್ನರ ಕಾಲದಲ್ಲಿ ಅದೇ ಪದವನ್ನು ‘ಮೆರ್ಕೇದೇಸ್’ ಎಂದು ಉಚ್ಚರಿಸುತ್ತಿದ್ದರು. ಲ್ಯಾಟಿನ್ನಿನಲ್ಲಿ ಅದು ಹೆಸರಲ್ಲ, ಸಾಮಾನ್ಯ ನಾಮಪದ, ಅದೂ ಬಹುವಚನ. ‘ಮೆರ್ಕೇಸ್’ ಎಂದರೆ ದುಡಿದದ್ದಕ್ಕೆ ಸಲ್ಲುವ ಹಣ. ‘ಮೆರ್ಕೇದೇಸ್’ ಎಂದರೆ ಕೂಲಿಗಳು, ಸಂಬಳಗಳು.

ಇದರ ಹಿಂದೆ ‘ಮೆರ್ಕ್ಸ್’ ಎಂಬ ಇನ್ನೂ ಗಿಡ್ಡ ಪದವಿದೆ. ಅದರ ಅರ್ಥ ಮಾರಾಟದ ಸರಕು. ಇಂಗ್ಲಿಷಿನ ಮಾರ್ಕೆಟ್, ಮರ್ಚೆಂಟ್, ಕಾಮರ್ಸ್ ಎಲ್ಲವೂ ಈ ಬಳ್ಳಿಯವೇ. ನಮ್ಮ ಕೆ.ಆರ್. ಮಾರ್ಕೆಟ್ಟಿನ ಮಾರ್ಕೆಟ್ಟು, ಕಾಲೇಜಿನ ಕಾಮರ್ಸು, ಮೆರ್ಸೇದೆಸ್ ಒಂದೇ ಮನೆಯ ಮಕ್ಕಳು. ವ್ಯಾಪಾರದ ದೇವತೆ ಮೆರ್ಕುರಿಯಸ್‌ನ ಹೆಸರನ್ನೂ ಹಲವರು ಇದೇ ಸಾಲಿಗೆ ಸೇರಿಸುತ್ತಾರೆ. ಅದು ರೋಮಿಗೂ ಹಿಂದಿನ ಎಟ್ರುಸ್ಕನ್ ನುಡಿಯಿಂದ ಬಂದಿರಬಹುದೆಂಬ ವಾದವೂ ಇದೆ. ಸರಕಿಗೆ ಬೆಲೆ ಇರುವಂತೆ ದುಡಿಮೆಗೂ ಬೆಲೆ ಇದೆ, ಆ ಬೆಲೆಯೇ ಮೆರ್ಕೇಸ್ ಎಂಬುದು ರೋಮನ್ನರ ಲೆಕ್ಕ. ಬಾಡಿಗೆಗೂ ಬಡ್ಡಿಗೂ ಅದೇ ಪದ, ಲಂಚಕ್ಕೂ ಅದೇ ಪದ. ದಿನಗೂಲಿಗೆ ದುಡಿಯುವವನು ‘ಮೆರ್ಕೆನ್ನಾರಿಯಸ್’. ಹಣಕ್ಕಾಗಿ ಯಾರ ಪರವಾಗಿಯಾದರೂ ಕಾದುವ ಬಾಡಿಗೆ ಸೈನಿಕನಿಗೆ ಇಂಗ್ಲಿಷಿನಲ್ಲಿರುವ ‘ಮರ್ಸೆನರಿ’ ಎಂಬ ಪದ ಬಂದದ್ದು ಅಲ್ಲಿಂದ.

ರೋಮಿನ ಗಣ್ಯರಿಗೆ ಈ ಪದದ ಮೇಲೆ ಗೌರವವಿರಲಿಲ್ಲ. ಕ್ರಿ.ಪೂ. 44ರಲ್ಲಿ ಸಿಸೆರೊ ಮಗನಿಗಾಗಿ ಕರ್ತವ್ಯಗಳ ಕುರಿತು ಬರೆದ ಗ್ರಂಥದಲ್ಲಿ, ಕುಶಲತೆಗಲ್ಲದೆ ಬರಿಯ ಮೈದುಡಿಮೆಗೆ ಸಿಗುವ ಕೂಲಿ ದಾಸ್ಯದ ಮುಂಗಡವಿದ್ದಂತೆ ಎಂಬ ಅಭಿಪ್ರಾಯವನ್ನು ಮುಚ್ಚುಮರೆಯಿಲ್ಲದೆ ಹೇಳಿದ್ದಾನೆ. ಭೂಮಿ ಇದ್ದವನು, ಗುಲಾಮರನ್ನು ಇಟ್ಟುಕೊಂಡವನು ದೊಡ್ಡವನು; ಕೈಚಾಚಿ ಕೂಲಿ ಪಡೆಯುವವನು ಸಣ್ಣವನು. ಅಂಥ ಸಮಾಜದಲ್ಲಿ ತುಳಿತಕ್ಕೆ ಸಿಕ್ಕಿದ್ದ ಪದವೊಂದು ಮುಂದೆ ಬಲಿಪೀಠದ ಮೇಲೆ ಏರಿತು, ರಾಣಿಯರ ಹೆಸರಾಯಿತು ಎಂಬುದೇ ಈ ಪದದ ಬಾಳಿನ ಮುಖ್ಯ ಸಂಗತಿ.

ಕೂಲಿಯ ಪದಗಳ ವಿಚಾರಕ್ಕೆ ಬಂದರೆ ಕನ್ನಡ ಬಡವಲ್ಲ. ‘ಕೂಲಿ’ ತಮಿಳು, ತುಳುಗಳಲ್ಲೂ ಇರುವ ದ್ರಾವಿಡ ಪದ. ‘ಸಂಬಳ’ದ ಹಿಂದೆ ಸಂಸ್ಕೃತದ ಶಂಬಲವಿದೆ, ಅದರ ಅರ್ಥ ದಾರಿಯ ಬುತ್ತಿ. ತಿಂಗಳ ಪ್ರಯಾಣಕ್ಕೆ ಕಟ್ಟಿಕೊಡುವ ಬುತ್ತಿಯೇ ಸಂಬಳ ಎಂಬ ತಿಳಿವು ಆ ಪದದೊಳಗೆ ಕುಳಿತಿದೆ. ‘ಭತ್ಯೆ’ಯ ಮೂಲ ಭೃತಿ, ಹೊರುವುದು, ಪೋಷಿಸುವುದು. ಉತ್ತರ ಕರ್ನಾಟಕದಲ್ಲಿ ‘ಪಗಾರ ಆತೇನು?’ ಎಂದು ಕೇಳುವಾಗ ಬಳಸುವ ಪಗಾರ ಪೋರ್ಚುಗೀಸರಿಂದ ಬಂದದ್ದು. ಅವರ ‘ಪಗಾರ್’ ಎಂದರೆ ಹಣ ಸಲ್ಲಿಸು. ಅದರ ಲ್ಯಾಟಿನ್ ಮೂಲ ‘ಪಾಕಾರೆ’, ಶಾಂತಗೊಳಿಸು, ಸಮಾಧಾನಪಡಿಸು. ಶಾಂತಿ ಎಂಬ ಅರ್ಥದ ‘ಪಾಕ್ಸ್’ ಅದರ ಬುಡ. ಬಾಕಿ ಬರಬೇಕಾದವನಿಗೆ ಅದನ್ನು ಸಲ್ಲಿಸಿದರೆ ಇಬ್ಬರ ನಡುವೆ ಶಾಂತಿ. ಬಾಕಿ ಉಳಿಸಿಕೊಂಡರೆ ಅಶಾಂತಿ. ಹಾಗೆ ಪಗಾರವು ಶಾಂತಿಯ ಬೇರಿನಿಂದ ಬಂತು. ಮೆರ್ಸೇದೆಸ್ ಕೂಲಿಯ ಬೇರಿನಿಂದ ಹೊರಟು ಕರುಣೆಯ ಕಡೆ ನಡೆಯಿತು. ಮೊದಲನೆಯದು ಗೋವೆಯ ಮೂಲಕ ಧಾರವಾಡ ತಲುಪಿ ನೂರಾರು ವರ್ಷವಾದವು. ಎರಡನೆಯದು ಕಾರಿನ ಮೇಲೇರಿ ಬಂತು.

ಕೂಲಿ ಕರುಣೆಯಾದದ್ದು ಹೇಗೆ? ತಿರುವು ಕ್ರೈಸ್ತರ ಲ್ಯಾಟಿನ್ನಿನಲ್ಲಿದೆ. ನಾಲ್ಕನೆಯ ಶತಮಾನದ ಕೊನೆಯಲ್ಲಿ ಸಂತ ಜೆರೋಮ್ ಸುವಾರ್ತೆಗಳ ಲ್ಯಾಟಿನ್ ಪಾಠವನ್ನು ತಿದ್ದಿ ಸಿದ್ಧಪಡಿಸಿದ. ಮತ್ತಾಯನ ಸುವಾರ್ತೆಯ 20ನೆಯ ಅಧ್ಯಾಯದಲ್ಲಿ ದ್ರಾಕ್ಷಿ ತೋಟದ ಕೂಲಿಗಳ ಕಥೆ ಬರುತ್ತದೆ. ತೋಟದ ಯಜಮಾನ ನಸುಕಿನಲ್ಲಿ ಪೇಟೆಗೆ ಹೋಗಿ ಆಳುಗಳನ್ನು ಕರೆತರುತ್ತಾನೆ, ಒಂದು ದಿನಾರಿ ಕೂಲಿ ಎಂದು ಮಾತಾಗುತ್ತದೆ. ಮತ್ತೆ ಹೊತ್ತೇರಿದ ಮೇಲೆ, ನಡುಹಗಲಲ್ಲಿ, ಕೊನೆಗೆ ಸಂಜೆ ಇನ್ನೊಂದೇ ಗಂಟೆ ಉಳಿದಿರುವಾಗಲೂ ಹೋಗುತ್ತಾನೆ. ಯಾರೂ ಕರೆಯದೆ ನಿಂತೇ ಉಳಿದವರನ್ನು ಕರೆತರುತ್ತಾನೆ. ಕತ್ತಲಾದಾಗ ಎಲ್ಲರಿಗೂ ಒಂದೊಂದು ದಿನಾರಿ ಕೊಡಿಸುತ್ತಾನೆ. ಬೆಳಗಿನಿಂದ ಬಿಸಿಲಲ್ಲಿ ಬೆಂದವರು ಗೊಣಗುತ್ತಾರೆ. ಒಪ್ಪಿದ ಕೂಲಿಯಲ್ಲಿ ನಿಮಗೆ ಏನೂ ಕಡಿಮೆಯಾಗಿಲ್ಲವಲ್ಲ ಎಂಬುದು ಯಜಮಾನನ ಉತ್ತರದ ಸಾರ. ಕೂಲಿ ಹಂಚು ಎಂದು ಆತ ಹೇಳುವಲ್ಲಿ ಲ್ಯಾಟಿನ್ ಬೈಬಲಿನಲ್ಲಿರುವ ಪದ ಇದೇ ‘ಮೆರ್ಕೇಸ್’. ಕನ್ನಡ ಬೈಬಲಿನಲ್ಲಿ ಅದು ‘ಕೂಲಿ’.

ಈ ಕಥೆಯನ್ನು ಬೆಂಗಳೂರಿನ ಹೊರವಲಯದವರಿಗೆ ಯಾರೂ ಬಿಡಿಸಿ ಹೇಳಬೇಕಿಲ್ಲ. ಗಾರೆ ಕೆಲಸ, ಪೇಂಟಿಂಗ್, ಸೆಂಟ್ರಿಂಗ್ ಕೆಲಸಗಳಿಗೆ ಯಾರಾದರೂ ಬಂದು ಕರೆಯಲಿ ಎಂದು ಬೆಳಗ್ಗೆ ವೃತ್ತಗಳಲ್ಲಿ, ಬಸ್ ನಿಲ್ದಾಣಗಳ ಬದಿಯಲ್ಲಿ ಬುತ್ತಿ ಹಿಡಿದು ನಿಲ್ಲುವ ಗಂಡಸರು ಹೆಂಗಸರು ಇಲ್ಲಿ ದಿನದಿನದ ನೋಟ. ಹತ್ತು ಗಂಟೆಯಾದರೂ ಯಾರೂ ಕರೆಯದಿದ್ದರೆ ಆ ದಿನದ ಒಲೆ ಕಷ್ಟ. ಒಂದೇ ಗಂಟೆ ದುಡಿದವನ ಮನೆಯಲ್ಲೂ ಹೊಟ್ಟೆಗಳಿರುವುದು ಪೂರ್ತಿ ದಿನದ್ದೇ ಎಂಬುದನ್ನು ಆ ಯಜಮಾನ ಅರಿತಿದ್ದ. ಮೊದಲ ಆಳಿಗೆ ಕೊಟ್ಟದ್ದು ನ್ಯಾಯದ ಕೂಲಿ. ಕೊನೆಯ ಆಳಿಗೆ ಕೊಟ್ಟದ್ದೂ ಕೂಲಿಯ ಹೆಸರಿನಲ್ಲೇ, ಆದರೆ ಅದರೊಳಗೆ ಕರುಣೆಯಿತ್ತು. ಇಂಥ ಕಥೆಗಳನ್ನು ಶತಮಾನಗಳ ಕಾಲ ಕೇಳಿದ ಜನರ ಬಾಯಲ್ಲಿ ‘ಮೆರ್ಕೇಸ್’ ಮೆಲ್ಲನೆ ಸ್ವರ್ಗದಲ್ಲಿ ಸಿಗುವ ಪ್ರತಿಫಲವಾಯಿತು, ಆಮೇಲೆ ದೇವರ ದಯೆಯಾಯಿತು. ಫ್ರೆಂಚಿನಲ್ಲಿ ಅದು ‘ಮೆರ್ಸಿ’ಯಾಗಿ ಧನ್ಯವಾದ ಎಂಬ ಅರ್ಥಕ್ಕೆ ನಿಂತಿತು, ಇಂಗ್ಲಿಷಿನಲ್ಲಿ ‘ಮರ್ಸಿ’ಯಾಗಿ ಕರುಣೆಯಾಯಿತು, ಸ್ಪ್ಯಾನಿಷಿನಲ್ಲಿ ‘ಮೆರ್ಸೆದ್’ ಆಗಿ ದಯೆ, ಅನುಗ್ರಹ, ಉಡುಗೊರೆ ಎಲ್ಲವನ್ನೂ ಹೊತ್ತಿತು. ಮರ್ಸಿ ಹೆಸರಿನ ಹೆಣ್ಣುಮಕ್ಕಳು ಬೆಂಗಳೂರು, ಮಂಗಳೂರುಗಳ ಕ್ರೈಸ್ತ ಮನೆಗಳಲ್ಲಿ ಇಂದಿಗೂ ಇದ್ದಾರೆ. ಅವರು ಈ ಮೆರ್ಸೇದೆಸ್‌ಗೆ ಹೆಸರಿನಿಂದ ಅಕ್ಕತಂಗಿಯರು.

ಹಣದ ಪದವೊಂದು ಮನಸ್ಸಿನ ಗುಣದ ಪದಕ್ಕೆ ಒರಗಿ ನಿಲ್ಲುವುದು ನಮಗೂ ಹೊಸದಲ್ಲ. ‘ದಕ್ಷಿಣೆ’ ಎಂದರೆ ಕೆಲಸ ಮಾಡಿಕೊಟ್ಟ ಪುರೋಹಿತನಿಗೋ ಗುರುವಿಗೋ ಸಲ್ಲುವ ಹಣ. ‘ದಾಕ್ಷಿಣ್ಯ’ ಎಂದರೆ ಎದುರಿನವರ ಮನಸ್ಸು ನೋಯದಂತೆ ನಡೆದುಕೊಳ್ಳುವ ಗುಣ. ಎರಡಕ್ಕೂ ‘ದಕ್ಷಿಣ’ ಎಂಬ ಒಂದೇ ಬುಡ. ಇದಕ್ಕೆ ಎದುರಾಗಿ, ಕೇಳಿದ ಕೂಡಲೇ ಹತ್ತಿರದ್ದೆನಿಸುವ ‘ಮರ್ಜಿ’ಗೂ ಮೆರ್ಸೆದ್‌ಗೂ ಯಾವ ನಂಟೂ ಇಲ್ಲ. ‘ಯಜಮಾನರ ಮರ್ಜಿ’ ಎಂದಾಗಿನ ಮರ್ಜಿ ಅರಬ್ಬಿಯಿಂದ ಪಾರಸಿಯ ಮೂಲಕ ಬಂದದ್ದು. ಅದರ ಅರ್ಥ ಇಚ್ಛೆ, ಇಷ್ಟ. ಪದಗಳ ಮನೆತನ ಹುಡುಕುವವರು ಧ್ವನಿಯ ಹೋಲಿಕೆಯನ್ನು ಸಾಕ್ಷಿಯೆಂದು ಹಿಡಿಯಬಾರದು. ದಾರಿಯುದ್ದಕ್ಕೂ ಹೆಜ್ಜೆ ಗುರುತು ಸಿಗಬೇಕು.

ಮೆರ್ಸೆದ್ ಹೆಣ್ಣುಮಕ್ಕಳ ಹೆಸರಾದದ್ದಕ್ಕೆ ಅಂಥ ಹೆಜ್ಜೆ ಗುರುತು ಬಾರ್ಸಿಲೋನ ನಗರದಲ್ಲಿ ಸಿಗುತ್ತದೆ. ಮಧ್ಯಯುಗದ ಮೆಡಿಟರೇನಿಯನ್ ಕಡಲಲ್ಲಿ ಕ್ರೈಸ್ತರ ಹಡಗುಗಳು ಮುಸಲ್ಮಾನರನ್ನೂ ಮುಸಲ್ಮಾನರ ಹಡಗುಗಳು ಕ್ರೈಸ್ತರನ್ನೂ ಸೆರೆ ಹಿಡಿದು ಗುಲಾಮರನ್ನಾಗಿ ಮಾರುತ್ತಿದ್ದ ಕಾಲ. 1218ರಲ್ಲಿ ಪೇದ್ರೊ ನೊಲಾಸ್ಕೊ ಎಂಬಾತ ಸೆರೆಯಾಳುಗಳನ್ನು ಹಣ ಕೊಟ್ಟು ಬಿಡಿಸಿ ತರುವುದಕ್ಕೆಂದೇ ಒಂದು ಸಂನ್ಯಾಸಿ ಸಂಘ ಕಟ್ಟಿದ. 1235ರಲ್ಲಿ ಪೋಪ್ ಒಂಬತ್ತನೆಯ ಗ್ರೆಗರಿ ಅದಕ್ಕೆ ಮಾನ್ಯತೆ ಕೊಟ್ಟ. ಸಂಘದ ಹೆಸರು ಕರುಣೆಯ ಮಾತೆ ಮರಿಯಳ ಸಂಘ. ಆ ಕರುಣೆಗೆ ಅಲ್ಲಿ ಬಳಸಿದ ಪದ ಮೆರ್ಸೆದ್. ಬಡತನ, ಬ್ರಹ್ಮಚರ್ಯ, ವಿಧೇಯತೆ ಎಂಬ ಮೂರು ವ್ರತಗಳ ಜೊತೆಗೆ ಈ ಸಂಘದವರು ನಾಲ್ಕನೆಯದೊಂದನ್ನು ತೊಡುತ್ತಿದ್ದರು: ಬಿಡಿಸಲು ಬೇರೆ ದಾರಿ ಇಲ್ಲದಾಗ ಸೆರೆಯಾಳಿನ ಜಾಗದಲ್ಲಿ ತಾವೇ ಒತ್ತೆಯಾಗಿ ನಿಲ್ಲುವುದು.

ಇಲ್ಲಿ ಪದದ ಎರಡೂ ಅರ್ಥಗಳು ಒಟ್ಟಿಗೆ ಬೆಳಗಿದವು. ಸೆರೆಯಾಳನ್ನು ಬಿಡಿಸುವುದು ಕರುಣೆಯ ಕೆಲಸ; ಆದರೆ ಆ ಕರುಣೆಗೆ ಎಣಿಸಿ ಕೊಡಬೇಕಾದ ಬೆಲೆಯಿತ್ತು. ಸಂಘದವರು ಊರೂರು ತಿರುಗಿ ಕಾಸು ಕೂಡಿಸಿ, ಹಡಗು ಹತ್ತಿ, ಉತ್ತರ ಆಫ್ರಿಕದ ಬಂದರುಗಳಲ್ಲಿ ಒಬ್ಬೊಬ್ಬ ಸೆರೆಯಾಳಿಗೂ ಇಷ್ಟೆಂದು ಚೌಕಾಸಿ ಮಾಡಿ, ಬೆಲೆ ತೆತ್ತು ಕರೆತರುತ್ತಿದ್ದರು. ‘ದೊನ್ ಕಿಹೋತೆ’ ಬರೆದ ಸೆರ್ವಾಂತೆಸ್ ಸೈನಿಕನಾಗಿದ್ದಾಗ 1575ರಲ್ಲಿ ತಮ್ಮ ರೊದ್ರಿಗೊನೊಂದಿಗೆ ಸೆರೆಸಿಕ್ಕಿ ಅಲ್ಜೀರ್ಸ್ ಸೇರಿದ್ದ. ತಮ್ಮನನ್ನು 1577ರಲ್ಲಿ ಬಿಡಿಸಿದವರು ಮೆರ್ಸೆದ್ ಸಂಘದವರು. ಸೆರ್ವಾಂತೆಸ್‌ಗೆ ಬಿಡುಗಡೆ ಸಿಕ್ಕಿದ್ದು 1580ರಲ್ಲಿ. ಇನ್ನೊಂದು ಸಂಘದವರಾದ ಟ್ರಿನಿಟೇರಿಯನ್ನರು 500 ಎಸ್ಕುದೊ ತೆತ್ತರು. ಸ್ಪ್ಯಾನಿಷ್ ಭಾಷೆಯ ಅತಿ ದೊಡ್ಡ ಲೇಖಕ ಉಳಿದದ್ದು ಹೀಗೆ ಕಾಸಿಗೆ ಕಾಸು ಕೂಡಿಸಿದ ಹಣದಿಂದ.

ಈ ಕರುಣೆಯ ಮಾತೆ ಬಾರ್ಸಿಲೋನದ ಕಾಯುವ ತಾಯಿಯಾದಳು. ಸೆಪ್ಟೆಂಬರ್ 24 ಅವಳ ಹಬ್ಬ. ಕ್ಯಾಟಲನ್ ನುಡಿಯಲ್ಲಿ ‘ಲಾ ಮೆರ್ಸೆ’ ಎಂಬ ಹೆಸರಿನ ಆ ಹಬ್ಬ ಇಂದೂ ನಗರದ ದೊಡ್ಡ ಉತ್ಸವ. ನಮ್ಮಲ್ಲಿ ಒಬ್ಬಳೇ ತಾಯಿ ಕೊಲ್ಲೂರಿನಲ್ಲಿ ಮೂಕಾಂಬಿಕೆ, ಹೊರನಾಡಿನಲ್ಲಿ ಅನ್ನಪೂರ್ಣೇಶ್ವರಿ, ಬಾದಾಮಿಯಲ್ಲಿ ಬನಶಂಕರಿ. ಹಾಗೆಯೇ ಸ್ಪೇನಿನಲ್ಲಿ ಒಬ್ಬಳೇ ಮರಿಯಳಿಗೆ ಹಲವು ಬಿರುದುಗಳು. ಎಲ್ಲ ಹೆಣ್ಣುಮಕ್ಕಳಿಗೂ ಮರಿಯ ಎಂದೇ ಹೆಸರಿಟ್ಟರೆ ಗುರುತಿಸುವುದು ಹೇಗೆ? ಅದಕ್ಕೇ ಮರಿಯ ದೆ ಲಾಸ್ ಮೆರ್ಸೇದೆಸ್, ಮರಿಯ ದೆ ಲೊಸ್ ದೊಲೊರೆಸ್, ಮರಿಯ ದೆಲ್ ಪಿಲಾರ್ ಎಂದು ಬಿರುದು ಸೇರಿಸಿದರು. ಬಳಕೆಯಲ್ಲಿ ಮರಿಯ ಬಿಟ್ಟುಹೋಗಿ ಬಿರುದೇ ಹೆಸರಾಯಿತು. ದೊಲೊರೆಸ್ ಎಂದರೆ ನೋವುಗಳು, ಸೊಲೆದಾದ್ ಎಂದರೆ ಒಂಟಿತನ, ಕೊನ್ಸುಯೆಲೊ ಎಂದರೆ ಸಾಂತ್ವನ, ಮೆರ್ಸೇದೆಸ್ ಎಂದರೆ ಕರುಣೆಗಳು. ಕರುಣಾ, ಕೃಪಾ, ದಯಾ ಎಂದು ಮಕ್ಕಳನ್ನು ಕರೆಯುವ ನಮಗೆ ಇದು ಆಪ್ತವಾದ ಪದ್ಧತಿಯೇ. ಮನೆಯಲ್ಲಿ ಮುದ್ದಿಗೆ ಮೆರ್ಚೆ, ಮೆಚೆ, ಮೆರ್ಸೆದೀತಾಸ್. 1878ರಲ್ಲಿ ದೊರೆ ಹನ್ನೆರಡನೆಯ ಅಲ್ಫೊನ್ಸೊನ ಕೈಹಿಡಿದು, ಅದೇ ವರ್ಷ 18ರ ಹರೆಯದಲ್ಲಿ ತೀರಿಕೊಂಡ ಸ್ಪೇನಿನ ರಾಣಿಯ ಹೆಸರು ಮೆರ್ಸೇದೆಸ್. ಅರ್ಜೆಂಟೀನದ ಬಡವರ ದನಿಯಾಗಿದ್ದ ಗಾಯಕಿ ಮೆರ್ಸೇದೆಸ್ ಸೋಸ (1935–2009). ಕ್ಯಾಟಲನ್ ಕಾದಂಬರಿಕಾರ್ತಿ ಮೆರ್ಸೆ ರುದುರೆದಾ (1908–1983). ಇಂದು ಸ್ಪೇನಿನಲ್ಲಿ ಹುಟ್ಟುವ ಹೆಣ್ಣುಕೂಸುಗಳಿಗೆ ಲೂಸಿಯ, ಮಾರ್ತಿನಾ, ಸೋಫಿಯ ಎಂಬ ಹೆಸರುಗಳೇ ಹೆಚ್ಚು. ಮೆರ್ಸೇದೆಸ್ ಅಜ್ಜಿಯರ ಹೆಸರಾಗಿ ಉಳಿದಿದೆ.

ಹೆಸರಾಗದ ಕಡೆಯೂ ಪದ ಬೆಳೆದ ಬಗೆ ಅಚ್ಚರಿಯದು. ಹಿರಿಯರನ್ನು ನೇರವಾಗಿ ‘ನೀನು’ ಎನ್ನಲಾರದೆ ಸ್ಪ್ಯಾನಿಷರು ‘ವುಯೆಸ್ತ್ರಾ ಮೆರ್ಸೆದ್’, ಎಂದರೆ ‘ತಮ್ಮ ದಯೆ’ ಎಂದು ಕರೆಯುತ್ತಿದ್ದರು. ಮಠದ ಸ್ವಾಮಿಗಳನ್ನು ‘ಸನ್ನಿಧಾನ’ ಎನ್ನುತ್ತೇವಲ್ಲ, ಅದೇ ರೀತಿ. ವ್ಯಕ್ತಿಯ ಬದಲು ಗುಣವನ್ನೋ ಸ್ಥಾನವನ್ನೋ ಕರೆಯುವುದು. ಬಳಸಿ ಬಳಸಿ ಸವೆದ ಆ ಎರಡು ಪದಗಳು ಹದಿನೇಳನೆಯ ಶತಮಾನದ ಹೊತ್ತಿಗೆ ‘ಉಸ್ತೆದ್’ ಆದವು. ಇಂದು ಸ್ಪ್ಯಾನಿಷಿನಲ್ಲಿ ‘ತಾವು’ ಎನ್ನಲು ಇರುವ ಪದ ಅದೇ. ಪೋರ್ಚುಗೀಸಿನಲ್ಲಿ ‘ವೊಸ್ಸ ಮೆರ್ಸೆ’ ಸವೆದು ‘ವೊಸೆ’ ಆಯಿತು. ಮೆಕ್ಸಿಕೊ, ಸ್ಪೇನ್, ಕೊಲಂಬಿಯಗಳ ಗ್ರಾಹಕರೊಡನೆ ಎಲೆಕ್ಟ್ರಾನಿಕ್ ಸಿಟಿಯಿಂದ ಸ್ಪ್ಯಾನಿಷಿನಲ್ಲಿ ಮಾತಾಡುವ ಹುಡುಗ ಹುಡುಗಿಯರು ಗೌರವದಿಂದ ಉಸ್ತೆದ್ ಎಂದಾಗಲೆಲ್ಲ ಆ ಹಳೆಯ ಕೂಲಿಯ ಪದವನ್ನೇ ಉಚ್ಚರಿಸುತ್ತಿದ್ದಾರೆ.

ಮೆರ್ಸೆದ್‌ಗೆ ಇನ್ನೊಂದು ಅರ್ಥ ಬಂದದ್ದು ಅರಮನೆಯಿಂದ. ದೊರೆ ತನ್ನ ಇಷ್ಟದಂತೆ ಕೊಡುವ ಭೂದಾನವನ್ನು ಸ್ಪ್ಯಾನಿಷ್ ಆಡಳಿತ ಮೆರ್ಸೆದ್ ಎಂದು ದಾಖಲಿಸುತ್ತಿತ್ತು. ಮೆಕ್ಸಿಕೊದ ಹಳೆಯ ಹೊಲಮನೆಗಳ ಪತ್ರಗಳು ಇಂಥ ಮೆರ್ಸೆದ್‌ಗಳಿಂದ ಶುರುವಾಗುತ್ತವೆ. ಕನ್ನಡದಲ್ಲಿ ಇದಕ್ಕೆ ಉಂಬಳಿ, ಇನಾಮು, ಮಾನ್ಯ. ಈ ಅರ್ಥದಲ್ಲಿ ನೋಡಿದರೆ ವೈಟ್‌ಫೀಲ್ಡ್ ಊರೇ ಒಂದು ಮೆರ್ಸೆದ್. 1882ರಲ್ಲಿ ಮೈಸೂರಿನ ದೊರೆ ಚಾಮರಾಜೇಂದ್ರ ಒಡೆಯರು ಯುರೇಷಿಯನ್ ಮತ್ತು ಆಂಗ್ಲೋ-ಇಂಡಿಯನ್ನರ ಸಂಘಕ್ಕೆ ಕೃಷಿ ಮಾಡಿ ನೆಲೆಸಲೆಂದು ಸುಮಾರು 3,900 ಎಕರೆ ಜಮೀನು ಕೊಟ್ಟರು. ಸಂಘ ಕಟ್ಟಿದ ಡಿ.ಎಸ್. ವೈಟ್ ಅವರಿಂದ ಊರಿಗೆ ಹೆಸರಾಯಿತು. ಎಲೆಕ್ಟ್ರಾನಿಕ್ ಸಿಟಿಗೂ ಇಂಥದೇ ಹಿನ್ನೆಲೆ. ರಾಜ್ಯ ಸರ್ಕಾರದ ಕಿಯೋನಿಕ್ಸ್ ಸಂಸ್ಥೆ, ಅದರ ಮುಖ್ಯಸ್ಥರಾಗಿದ್ದ ಆರ್.ಕೆ. ಬಾಳಿಗರ ಕನಸಿನಂತೆ, 1970ರ ದಶಕದ ಕೊನೆಯಲ್ಲಿ 332 ಎಕರೆಯಲ್ಲಿ ಅದನ್ನು ಎಬ್ಬಿಸಿದ ಜಾಗ ಕೋನಪ್ಪನ ಅಗ್ರಹಾರ ಮತ್ತು ದೊಡ್ಡತೋಗೂರು. ಅಗ್ರಹಾರ ಎಂದರೇ ದಾನ ಕೊಟ್ಟ ಊರು. ಹಳದಿ ಮಾರ್ಗದ ಮೆಟ್ರೊ ನಿಲ್ದಾಣದ ಹೆಸರಿನಲ್ಲಿ ಆ ಅಗ್ರಹಾರ ಇನ್ನೂ ಉಳಿದಿದೆ. ದೊರೆಗಳ ದಯೆಯಿಂದ ಸಿಕ್ಕ ನೆಲದ ಮೇಲೆ ಇಂದು ಸಂಬಳದ ಲೋಕ ನಿಂತಿದೆ.

ಇನ್ನು ಕಾರಿನ ಕಥೆ. ಎಮಿಲ್ ಯೆಲ್ಲಿನೆಕ್ (1853–1918) ವಿಯೆನ್ನಾದ ಹೆಸರಾಂತ ಯಹೂದಿ ಧರ್ಮಗುರು ಅಡಾಲ್ಫ್ ಯೆಲ್ಲಿನೆಕ್‌ನ ಮಗ. ಓದು ಹತ್ತದೆ ಅಲೆದ ಆತ ಆಸ್ಟ್ರಿಯ-ಹಂಗೆರಿಯ ದೂತಾವಾಸದ ಕೆಲಸಕ್ಕೆ ಮೊರಾಕ್ಕೊ ಸೇರಿದ, ಟೆಟುವಾನ್ ನಗರದಲ್ಲಿದ್ದ. 1492ರಲ್ಲಿ ಸ್ಪೇನಿನಿಂದ ಹೊರದೂಡಿಸಿಕೊಂಡ ಯಹೂದಿಗಳು ಬಂದು ನೆಲೆಸಿದ, ತಮ್ಮ ಹಳೆಯ ಸ್ಪ್ಯಾನಿಷನ್ನು ಬಿಡದೆ ಉಳಿಸಿಕೊಂಡ ಊರು ಅದು. ಆತನ ಹೆಂಡತಿ ರಾಶೆಲ್. 1889ರ ಸೆಪ್ಟೆಂಬರ್ 16ರಂದು ವಿಯೆನ್ನಾದಲ್ಲಿ ಹುಟ್ಟಿದ ಮಗಳನ್ನು ಮೆರ್ಸೇದೆಸ್ ಎಂದು ಕರೆದರು. ಕ್ರೈಸ್ತರ ಮರಿಯಳ ಬಿರುದು ಯಹೂದಿ ಧರ್ಮಗುರುವಿನ ಮೊಮ್ಮಗಳಿಗೆ ಹೆಸರಾಯಿತು. ಹೆಸರುಗಳಿಗೆ ಮತದ ಬೇಲಿ ಗೊತ್ತಿಲ್ಲ ಎಂಬುದಕ್ಕೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಬೇಕಿಲ್ಲ. ಮಗುವಿಗೆ ನಾಲ್ಕು ವರ್ಷವಾಗುವ ಮೊದಲೇ ತಾಯಿ ತೀರಿಕೊಂಡಳು.

ಆ ಹೆಸರು ತನಗೆ ಅದೃಷ್ಟ ತರುತ್ತದೆಂದು ಯೆಲ್ಲಿನೆಕ್ ನಂಬಿದ್ದ. ಫ್ರಾನ್ಸಿನ ನೀಸ್ ನಗರದಲ್ಲಿ ಸಿರಿವಂತರಿಗೆ ಡೈಮ್ಲರ್ ಕಾರು ಮಾರುತ್ತಿದ್ದ ಆತ 1899ರ ಪಂದ್ಯಗಳಲ್ಲಿ ‘ಮೊಸಿಯೊ ಮೆರ್ಸೇದೆಸ್’ ಎಂದು ಹೆಸರು ಕೊಟ್ಟ. 1900ರಲ್ಲಿ ಹೊಸ ಕಾರೊಂದನ್ನು ಮಾಡಿಕೊಡಿ, ಅದಕ್ಕೆ ಮಗಳ ಹೆಸರಿರಲಿ ಎಂದು ಕಂಪನಿಯೊಡನೆ ಒಪ್ಪಂದ ಮಾಡಿಕೊಂಡ. ವಿಲ್ಹೆಲ್ಮ್ ಮೈಬಾಖ್ ರೂಪಿಸಿದ 35 ಅಶ್ವಶಕ್ತಿಯ ಆ ಕಾರು ಡಿಸೆಂಬರಿನಲ್ಲಿ ಕೈಸೇರಿತು, 1901ರ ಮಾರ್ಚಿನಲ್ಲಿ ನೀಸ್ ಪಂದ್ಯಗಳನ್ನು ಗೆದ್ದು ಬೀಗಿತು. ಕುದುರೆಗಾಡಿಗೆ ಯಂತ್ರ ಜೋಡಿಸಿದಂತಿದ್ದ ಹಿಂದಿನ ವಾಹನಗಳಿಗಿಂತ ಅದು ತಗ್ಗಾಗಿತ್ತು, ಉದ್ದವಾಗಿತ್ತು. ಇಂದಿನ ಕಾರಿನ ಆಕಾರ ಅಲ್ಲಿಂದ ಮೊದಲಾಯಿತು. 1902ರಲ್ಲಿ ಹೆಸರು ವ್ಯಾಪಾರಮುದ್ರೆಯಾಗಿ ನೋಂದಣಿಯಾಯಿತು. 1903ರಲ್ಲಿ ಯೆಲ್ಲಿನೆಕ್ ತನ್ನ ಮನೆತನದ ಹೆಸರನ್ನೇ ಯೆಲ್ಲಿನೆಕ್-ಮೆರ್ಸೇದೆಸ್ ಎಂದು ಬದಲಿಸಿಕೊಂಡ. ಮಗಳು ತಂದೆಯ ಹೆಸರು ಹೊರುವುದೇ ಲೋಕದ ರೂಢಿಯಾಗಿದ್ದಾಗ, ಇಲ್ಲಿ ತಂದೆ ಮಗಳ ಹೆಸರು ಹೊತ್ತ. 1926ರಲ್ಲಿ ಡೈಮ್ಲರ್, ಬೆಂಜ್ ಕಂಪನಿಗಳು ಒಂದಾದಾಗ ಮರ್ಸಿಡಿಸ್-ಬೆಂಜ್ ಹುಟ್ಟಿತು. ಹೆಸರು ಕೊಟ್ಟ ಹುಡುಗಿಯ ಬದುಕು ಹೆಸರಿನಷ್ಟು ಸುಖದ್ದಾಗಲಿಲ್ಲ. ಮೊದಲ ಮಹಾಯುದ್ಧ ಅವಳ ಸಿರಿಯನ್ನು ಕರಗಿಸಿತು. 1929ರಲ್ಲಿ, 39ನೆಯ ವಯಸ್ಸಿನಲ್ಲಿ, ವಿಯೆನ್ನಾದಲ್ಲಿ ತೀರಿಕೊಂಡಳು.

ಕೂಲಿ ಎಂಬ ಅರ್ಥದ ಲ್ಯಾಟಿನ್ ಪದ ಇಷ್ಟು ಎತ್ತರಕ್ಕೆ ಏರಿದ ಕಾಲದಲ್ಲೇ, ಕೂಲಿ ಎಂಬ ಅರ್ಥದ ನಮ್ಮ ಪದ ಕೆಳಗಿಳಿಯುತ್ತಿತ್ತು. ಪೋರ್ಚುಗೀಸರ ಬರಹಗಳ ಮೂಲಕ ಯುರೋಪಿಗೆ ಹೋದ ‘ಕೂಲಿ’ ಅಲ್ಲಿ ಹಣದ ಹೆಸರಾಗಿ ಉಳಿಯದೆ ಮನುಷ್ಯನ ಹೆಸರಾಯಿತು. ಈ ಪದಕ್ಕೆ ಗುಜರಾತಿನ ಕೋಲಿ ಸಮುದಾಯದ ಹೆಸರೇ ಮೂಲ ಎನ್ನುವವರಿದ್ದಾರೆ. ದಕ್ಷಿಣದ ನುಡಿಗಳ ಕೂಲಿ ಎನ್ನುವವರೂ ಇದ್ದಾರೆ. ಎರಡು ಒಂದರಲ್ಲೊಂದು ಬೆರೆತಿರಲೂ ಬಹುದು. ಮೂಲ ಯಾವುದಾದರೂ ಪರಿಣಾಮ ಒಂದೇ. ಮದರಾಸಿನಿಂದ, ಕಲ್ಕತ್ತೆಯಿಂದ ಹಡಗು ಹತ್ತಿ ಮಾರಿಷಸ್, ನಟಾಲ್, ಫಿಜಿಗಳ ಕಬ್ಬಿನ ತೋಟಗಳಿಗೆ ಹೋದ ಜನರನ್ನು ಆಳುವವರು ಆ ಪದದಿಂದಲೇ ಕರೆದರು. ಮೋಹನದಾಸ ಗಾಂಧಿಯವರು ದಕ್ಷಿಣ ಆಫ್ರಿಕದಲ್ಲಿ ‘ಕೂಲಿ ಬ್ಯಾರಿಸ್ಟರ್’ ಎನ್ನಿಸಿಕೊಂಡರು. ಸ್ಪ್ಯಾನಿಷಿಗೂ ‘ಕುಲಿ’ ಹೋಯಿತು: 1847ರಿಂದ 1874ರವರೆಗೆ ಕ್ಯೂಬಾದ ತೋಟಗಳಿಗೆ ತಂದ ಚೀನೀ ಆಳುಗಳ ಹೆಸರಾಗಿ. ಅದೇ ದ್ವೀಪದ ಒಡೆಯರ ಮನೆಗಳಲ್ಲಿ ಹುಟ್ಟಿದ ಹೆಣ್ಣುಮಕ್ಕಳಿಗೆ ಮೆರ್ಸೇದೆಸ್ ಎಂದು ಹೆಸರಿಡುತ್ತಿದ್ದರು. ಎರಡು ಪದಗಳ ಹುಟ್ಟಿನ ಅರ್ಥ ಒಂದೇ. ಒಂದು ಒಡೆಯರ ತೊಟ್ಟಿಲಿಗೆ ಸೇರಿತು, ಇನ್ನೊಂದು ಆಳಿನ ಬೆನ್ನಿಗೆ ಅಂಟಿತು. ಈ ವ್ಯತ್ಯಾಸ ಪದಗಳು ಮಾಡಿಕೊಂಡದ್ದಲ್ಲ, ಅವನ್ನು ಆಡಿದವರ ಬಲ ಮಾಡಿದ್ದು.

ಕೂಲಿಯನ್ನು ದಯೆಯ ಮಾತಿನಲ್ಲಿ ಹೇಳುವ ಅಭ್ಯಾಸ ಇಂದಿಗೂ ಹೋಗಿಲ್ಲ. ‘ಅವರು ನಮಗೆ ಅನ್ನ ಹಾಕುತ್ತಾರೆ’ ಎಂದು ದುಡಿಯುವವರೂ, ‘ನಾನು ಇಷ್ಟು ಜನರನ್ನು ಸಾಕುತ್ತೇನೆ’ ಎಂದು ದುಡಿಸಿಕೊಳ್ಳುವವರೂ ಹೇಳುವುದನ್ನು ಕೇಳುತ್ತೇವೆ. ಪೀಣ್ಯದ ಶೆಡ್ಡುಗಳಲ್ಲಿ ಲೇತಿನ ಮುಂದೆ, ಸಿಎನ್‌ಸಿ ಯಂತ್ರದ ಮುಂದೆ ನಿಂತು ಗಾಡಿಗಳ ಬಿಡಿಭಾಗ ಕಡೆಯುವವನು, ಗಾರ್ಮೆಂಟ್ಸ್‌ನಲ್ಲಿ ಹೊಲಿಗೆ ಮೆಷಿನ್ನಿನ ಸಾಲಿನಲ್ಲಿ ಟಾರ್ಗೆಟ್ ಮುಟ್ಟಿಸುವವಳು ಯಾರ ದಯೆಯನ್ನೂ ಪಡೆಯುತ್ತಿಲ್ಲ. ಮೊದಲು ಕೊಟ್ಟವರು ಅವರು. ದುಡಿಮೆ ಕೊಟ್ಟು ತಿಂಗಳು ಮುಗಿದ ಮೇಲೆಯೇ ಸಂಬಳ ಕೈಸೇರುವುದು. ಲೆಕ್ಕದಲ್ಲಿ ನೋಡಿದರೆ ತಿಂಗಳ ಕೊನೆಯವರೆಗೂ ಸಾಲ ಕೊಟ್ಟವರು ಕಾರ್ಮಿಕರೇ.

ಈ ಲೆಕ್ಕವನ್ನು ಬೆಂಗಳೂರಿನ ಹೆಣ್ಣುಮಕ್ಕಳು ಒಮ್ಮೆ ಬೀದಿಗಿಳಿದು ಹೇಳಿದರು. 2016ರ ಆರಂಭದಲ್ಲಿ ಕೇಂದ್ರ ಸರ್ಕಾರ ಭವಿಷ್ಯನಿಧಿಯ ನಿಯಮ ಬದಲಿಸಿ, ಮಾಲೀಕರು ಕಟ್ಟುವ ಪಾಲನ್ನು 58 ವರ್ಷವಾಗುವ ತನಕ ತೆಗೆಯುವಂತಿಲ್ಲ ಎಂದಿತು. ಕೆಲಸ ಬಿಟ್ಟಾಗ ಸಿಗುವ ಪಿಎಫ್ ಹಣದಿಂದಲೇ ಮಗಳ ಮದುವೆ, ಸಾಲ, ಆಸ್ಪತ್ರೆ ಎಲ್ಲವನ್ನೂ ತೂಗಿಸುವ ಗಾರ್ಮೆಂಟ್ಸ್ ಹೆಂಗಸರಿಗೆ ಅದು ದೊಡ್ಡ ಪೆಟ್ಟು. ಏಪ್ರಿಲ್ 18, 19ರಂದು ಹೊಸೂರು ರಸ್ತೆಯಲ್ಲಿ, ತುಮಕೂರು ರಸ್ತೆಯಲ್ಲಿ ಅವರು ಸಾವಿರಾರು ಸಂಖ್ಯೆಯಲ್ಲಿ ಹೊರಬಂದರು; ಸಂಘಗಳ ನಾಯಕರ ಕರೆಗೂ ಕಾಯಲಿಲ್ಲ. ಕೆಲವೆಡೆ ಲಾಠಿ, ಬೆಂಕಿಗಳೂ ಕಂಡವು. 19ರಂದೇ ಕೇಂದ್ರ ಸರ್ಕಾರ ಆದೇಶ ಹಿಂತೆಗೆದುಕೊಂಡಿತು. ಅವರು ಕೇಳಿದ್ದು ದಾನವನ್ನಲ್ಲ, ತಮ್ಮದೇ ದುಡಿಮೆಯ ಹಣವನ್ನು. ಮೆರ್ಕೇಸ್ ಎಂಬ ಪದ ಹುಟ್ಟಿದಾಗ ಅದಕ್ಕಿದ್ದ ಅರ್ಥದಲ್ಲಿ ಕೇಳಿದರು.

ಹನ್ನೆರಡನೆಯ ಶತಮಾನದ ಶರಣರು ಕಾಯಕವನ್ನು ಮೊದಲಿಟ್ಟು ದಾಸೋಹವನ್ನು ಆಮೇಲೆ ಇಟ್ಟರು. ದುಡಿದದ್ದು ಶುದ್ಧವಾಗಿರಬೇಕು, ಆಮೇಲೆ ಹಂಚುವ ಮಾತು. ಅಗತ್ಯಕ್ಕಿಂತ ಹೆಚ್ಚು ಅಕ್ಕಿ ಆಯ್ದು ತಂದ ಗಂಡನನ್ನು ಆಯ್ದಕ್ಕಿ ಲಕ್ಕಮ್ಮ ತಡೆದು ಕೇಳಿದ್ದು ಇದೇ ನ್ಯಾಯದಿಂದ. ಬಾರ್ಸಿಲೋನದ ಸಂನ್ಯಾಸಿಗಳೂ ಬೇರೆ ಹಾದಿಯಲ್ಲಿ ಅಲ್ಲಿಗೇ ಬಂದಿದ್ದರು: ಪೂರ್ತಿ ಬೆಲೆ ಎಣಿಸಿ ಕೊಡದೆ ಅವರ ಕರುಣೆಯಿಂದ ಒಬ್ಬ ಸೆರೆಯಾಳೂ ಮನೆಗೆ ಬರುತ್ತಿರಲಿಲ್ಲ. ದ್ರಾಕ್ಷಿ ತೋಟದ ಯಜಮಾನನೂ ಬೆಳಗಿನ ಆಳಿಗೆ ಒಪ್ಪಿದ ಕೂಲಿಯಲ್ಲಿ ಒಂದು ಕಾಸೂ ಮುರಿಯದೆ ಸಂಜೆಯ ಆಳಿಗೆ ಉದಾರಿಯಾದ.

ಎರಡು ಸಾವಿರ ವರ್ಷಗಳ ಈ ಪದಯಾತ್ರೆಯಿಂದ ನಾನು ಕಲಿತದ್ದು ಇದು. ಕೂಲಿ ಮತ್ತು ಕರುಣೆ ಒಂದೇ ಪದದೊಳಗೆ ಇರಬಲ್ಲವು, ಆದರೆ ಅವುಗಳ ಸರದಿ ತಪ್ಪಬಾರದು. ಕೂಲಿ ಪೂರ್ತಿ ಸಂದ ಮೇಲೆ ತೋರಿಸುವ ಕರುಣೆ ಮನುಷ್ಯನನ್ನು ದೊಡ್ಡವನನ್ನಾಗಿಸುತ್ತದೆ. ಕೂಲಿಯ ಬದಲಿಗೆ ತೋರಿಸುವ ಕರುಣೆ ಕಾರ್ಮಿಕನ ಹಕ್ಕನ್ನು ಯಜಮಾನನ ಮರ್ಜಿಗೆ ಒಪ್ಪಿಸುತ್ತದೆ. ಮೆರ್ಸೇದೆಸ್ ಎಂಬ ಹೆಸರನ್ನು ಕರುಣೆ ಎಂದು ಅರ್ಥಮಾಡುವ ನಿಘಂಟುಗಳು ತಪ್ಪು ಹೇಳುತ್ತಿಲ್ಲ. ಆದರೆ ಆ ಅರ್ಥದ ಕೆಳಗೆ, ಅದಕ್ಕೆ ಅಡಿಪಾಯವಾಗಿ, ದುಡಿದವರಿಗೆ ಸಲ್ಲಬೇಕಾದ ಕೂಲಿ ಇದೆ. ವೈಟ್‌ಫೀಲ್ಡಿನ ಸಂಬಳ ಚೀಟಿಗೂ ಪೀಣ್ಯದ ವಾರದ ಬಟವಾಡೆಗೂ ಒಂದೇ ನ್ಯಾಯ ಎಂದು ಈ ಹೆಸರು ತನ್ನ ಬೇರಿನಿಂದಲೇ ಹೇಳುತ್ತಿದೆ, ಮತ್ತು ಆ ಮಾತನ್ನು ಗಟ್ಟಿಯಾಗಿ ಹೇಳಲು ಕನ್ನಡಕ್ಕೆ ಬೇಕಾದ ಪದ ಕನ್ನಡದಲ್ಲೇ ಇದೆ: ಕೂಲಿ. ಅದನ್ನು ಬೈಗುಳದಿಂದ ಬಿಡಿಸಿ ಮತ್ತೆ ಮರ್ಯಾದೆಯ ಪದವನ್ನಾಗಿ ಮಾಡುವ ಕೆಲಸ ನಮ್ಮದು.